ಸಹಾಯ ಬೇಕು: ಯೇಸುವಿನ ತಾಯಿ ಮರಿಯಮ್ಮನ ಅಪ್ಪ ಅಮ್ಮನ ಹೆಸರು ಎಲ್ಲಿಂದ ಬಂತು?

ಎಲ್ಲರಿಗೂ ನಮಸ್ಕಾರ. ಭಾನುವಾರ ಚರ್ಚಿನಲ್ಲಿ ಮಕ್ಕಳಿಗೆ ಪಾಠ ಮಾಡುತ್ತೇನೆ. ಹೋದ ವಾರ ಒಬ್ಬಳು ಕೇಳಿದಳು, "ಟೀಚರ್, ಅನ್ನಮ್ಮ, ಜೋಕಿಮ್ ಹೆಸರು ಬೈಬಲ್‌ನಲ್ಲಿ ಎಲ್ಲಿದೆ?" ಹುಡುಕಿದೆ, ಎಲ್ಲೂ ಇಲ್ಲ!

ಆಮೇಲೆ ಓದಿದಾಗ ಗೊತ್ತಾಯಿತು, ಇವು 2ನೇ ಶತಮಾನದಲ್ಲಿ ಗ್ರೀಕ್‌ನಲ್ಲಿ ಬರೆದ 'ಯಾಕೋಬನ ಆದಿಸುವಾರ್ತೆ' ಎಂಬ, ಬೈಬಲಿಗೆ ಸೇರದ ಪುಸ್ತಕದಿಂದ ಬಂದವು. ಮಕ್ಕಳಿಲ್ಲದ ದಂಪತಿಯ ಕೊರಗು, 3 ವರ್ಷದ ಮರಿಯಳನ್ನು ದೇವಾಲಯಕ್ಕೆ ಒಪ್ಪಿಸಿದ್ದು, ಗುಹೆಯಲ್ಲಿ ಯೇಸು ಹುಟ್ಟಿದ್ದು, ಎಲ್ಲ ಅದರಲ್ಲಿದೆ. ಮರಿಯಳ ಗಂಡ ಜೋಸೆಫ್ ಅಲ್ಲಿ ಮೊದಲೇ ಮಕ್ಕಳಿರುವ ಮುದುಕ. ಯೇಸುವಿನ 'ಸಹೋದರರು' ಜೋಸೆಫನ ಮೊದಲ ಹೆಂಡತಿಯ ಮಕ್ಕಳು ಅನ್ನುವ ವಿವರಣೆಗೂ ಇದೇ ಆಧಾರವಂತೆ.

ನನಗೆ ಗೊಂದಲ ಇಲ್ಲಿ. ಯಾವ ಪುಸ್ತಕ ಒಪ್ಪಬೇಕು, ಯಾವುದು ಬೇಡ ಅಂತ ಹೇಳುವ, ಗೆಲಾಸಿಯಸ್ ಪೋಪರ ಹೆಸರಿನಲ್ಲಿರುವ ಹಳೇ ಪಟ್ಟಿ ಈ ಪುಸ್ತಕವನ್ನು ತಳ್ಳಿಹಾಕಿದೆ. ಆದರೂ ಜುಲೈ 26ಕ್ಕೆ ಅನ್ನಮ್ಮ, ಜೋಕಿಮ್ ಹಬ್ಬ ಮಾಡುತ್ತೇವೆ, ನವೆಂಬರ್ 21ಕ್ಕೆ ಮರಿಯಮ್ಮನ ಸಮರ್ಪಣೆಯ ಹಬ್ಬ. ಪುಸ್ತಕ ಬೇಡ, ಕಥೆ ಬೇಕು, ಹಾಗಾಯಿತು ಅಲ್ವಾ?

ಇದನ್ನು 10 ವರ್ಷದ ಮಕ್ಕಳಿಗೆ ಹೇಗೆ ಹೇಳಲಿ? "ಸುಳ್ಳು ಪುಸ್ತಕ" ಅಂತ ಸುಮ್ನೆ ಹೇಳಿಬಿಡಲು ಮನಸ್ಸಿಲ್ಲ. ಕನ್ನಡ ಅನುವಾದ ಯಾರ ಹತ್ತಿರವಾದರೂ ಇದೆಯಾ? ಇಲ್ಲದಿದ್ದರೆ ಸುಲಭದ ಇಂಗ್ಲಿಷಿನದಾದರೂ ಪರವಾಗಿಲ್ಲ. ಈ ಭಾನುವಾರದೊಳಗೆ ತಿಳಿಸಿದರೆ ಉಪಕಾರ, ಆ ಹುಡುಗಿ ಬಿಡುವವಳಲ್ಲ.