‘ಒಂದು ರೀಲಿನ ಚಿತ್ರ’ ಅಂದರೆ ಈಗ ಯಾರಿಗೆ ಏನು ಅರ್ಥ?

ಗೆಳೆಯರೇ,

ಮೂಕಿ ಕಾಲದ ಹಾಸ್ಯಚಿತ್ರಗಳ ಬಗೆಗಿನ ಒಂದು ಬರಹವನ್ನು ತಿದ್ದುತ್ತಿದ್ದೇನೆ. ‘ಒನ್ ರೀಲರ್’ (ಒಂದೇ ರೀಲು ಫಿಲ್ಮಿನಲ್ಲಿ ಮುಗಿಯುವ ಚಿತ್ರ) ಬರಬೇಕಾದ ಕಡೆಯಲ್ಲೆಲ್ಲ ‘ಹತ್ತು ನಿಮಿಷದ ಕಿರುಚಿತ್ರ’ ಅಂತಿದೆ. ನನಗೆ ಆ ‘ಹತ್ತು ನಿಮಿಷ’, ‘ಕಿರು’ ಎರಡೂ ಒಗ್ಗುತ್ತಿಲ್ಲ.

ರೀಲು ಅನ್ನೋದು ಉದ್ದದ ಅಳತೆ, ಹೊತ್ತಿನದಲ್ಲ. ಒಂದು ರೀಲಿಗೆ ಹೆಚ್ಚೆಂದರೆ ಸುಮಾರು 1000 ಅಡಿ ಫಿಲ್ಮು, ಅಡಿಗೆ 16 ಫ್ರೇಮು, ಅಂದರೆ ಬಿಡಿ ಚಿತ್ರ. ಸೆಕೆಂಡಿಗೆ 16 ಫ್ರೇಮಿನಂತೆ ಓಡಿಸಿದರೆ 16 ನಿಮಿಷ ದಾಟುತ್ತದೆ. ಮಾತಿನ ಚಿತ್ರಗಳ 24ರ ವೇಗಕ್ಕೆ ಏರಿಸಿದರೆ 11 ನಿಮಿಷಕ್ಕೇ ಮುಗಿಯುತ್ತದೆ. ಆಗ ಕ್ಯಾಮೆರಾದ ಹಿಡಿ ತಿರುಗಿಸುತ್ತಿದ್ದುದು ಕೈಯಲ್ಲಿ, ಹಾಗಾಗಿ ವೇಗ ಒಂದೇ ಸಮ ಇರುತ್ತಿರಲಿಲ್ಲ. ಹಳೇ ಚಾಪ್ಲಿನ್ ಚಿತ್ರಗಳಲ್ಲಿ ಎಲ್ಲರೂ ಬಾಲಕ್ಕೆ ಬೆಂಕಿ ಹತ್ತಿದವರಂತೆ ಓಡಾಡುವುದಕ್ಕೆ ನಿಧಾನವಾಗಿ ತೆಗೆದದ್ದನ್ನು ಆಮೇಲೆ 24ರ ವೇಗದಲ್ಲಿ ಓಡಿಸಿದ್ದೂ ಒಂದು ಕಾರಣ, ಅಲ್ವಾ?

ಇನ್ನು ‘ಕಿರು’. ದೊಡ್ಡದು ರೂಢಿಯಲ್ಲಿದ್ದರೆ ತಾನೇ ಕಿರಿದು ಅನ್ನೋದು? 1912ರಲ್ಲಿ ಅಮೆರಿಕದ ನಿರ್ಮಾಪಕ ಮ್ಯಾಕ್ ಸೆನೆಟ್ ಹಾಸ್ಯಚಿತ್ರಗಳ ಕೀಸ್ಟೋನ್ ಕಂಪನಿ ಶುರು ಮಾಡಿದಾಗ ಹಾಸ್ಯಕ್ಕೆ ಹೆಚ್ಚೆಂದರೆ ಒಂದು ರೀಲೇ ವಾಡಿಕೆ. 1914ರಲ್ಲಿ ಅವರೇ ಆರು ರೀಲಿನ ‘ಟಿಲ್ಲೀಸ್ ಪಂಕ್ಚರ್ಡ್ ರೊಮ್ಯಾನ್ಸ್’ ತೆಗೆದಾಗ ಅದೇ ಹೊಸತು.

ಅದಕ್ಕೇ ‘ಒಂದು ರೀಲಿನ ಚಿತ್ರ’ ಅಂತಲೇ ಇಡೋಣ ಅನ್ನಿಸುತ್ತದೆ. ಆದರೆ ಹುಡುಗರಿಗೆ ಫೋನಿನ ರೀಲ್ಸ್ ನೆನಪಾಗುತ್ತದೆ, ಮಿಕ್ಕವರಿಗೆ ರೀಲು ಬಿಡೋದು! ‘ಒಂದು ಸುರುಳಿಯ ಚಿತ್ರ’ ಕಿವಿಗೆ ಚೆನ್ನ. ಆದರೆ ಸುರುಳಿ ಎಷ್ಟು ದೊಡ್ಡದಾದರೂ ಸುರುಳಿಯೇ, ಅಳತೆ ಸಿಗುವುದಿಲ್ಲ.

ನಿಜವಾದ ತೊಡಕು ‘ಸ್ಪ್ಲಿಟ್ ರೀಲ್’. ಒಂದಕ್ಕೊಂದು ಸಂಬಂಧವಿಲ್ಲದ ಎರಡು ಪುಟ್ಟ ಚಿತ್ರಗಳನ್ನು ಒಂದೇ ರೀಲಿನಲ್ಲಿ ಸೇರಿಸಿ ಬಿಡುಗಡೆ ಮಾಡುತ್ತಿದ್ದರು. ಚಾಪ್ಲಿನ್ನನ ಅಲೆಮಾರಿ ವೇಷವನ್ನು ಜನ ಮೊದಲು ನೋಡಿದ್ದು ‘ಕಿಡ್ ಆಟೋ ರೇಸಸ್ ಅಟ್ ವೆನಿಸ್’ನಲ್ಲಿ, 1914ರ ಫೆಬ್ರವರಿ 7ಕ್ಕೆ. ಅದರ ಜೊತೆ ಅದೇ ರೀಲಿನಲ್ಲಿ ಇದ್ದದ್ದು ಆಲಿವ್ ಎಣ್ಣೆಯ ಬಗ್ಗೆ ತಿಳಿಸುವ ಚಿತ್ರ. ಎಂಥ ಜೋಡಿ ನೋಡಿ!

ಇದಕ್ಕೆ ‘ಅರ್ಧ ರೀಲು’ ಅಂದರೆ ಸರಿಯಾಗಿ ಅರ್ಧ ಅನ್ನಿಸುತ್ತದೆ. ‘ಜೋಡಿ ರೀಲು’ ಅಂದರೆ ರೀಲೇ ಎರಡಾಗುತ್ತವೆ. ‘ಹಂಚು ರೀಲು’ ಮಾಡಿನ ಮೇಲೆ ಹೋಗಿ ಕೂರುತ್ತದೆ. ‘ಪಾಲು ರೀಲು’ ಸದ್ಯಕ್ಕೆ ಪರವಾಗಿಲ್ಲ, ಆದರೂ ಸುಮ್ನೆ ಕಟ್ಟಿದ ಪದ.

ಟಾಕೀಸಿನ ಪ್ರೊಜೆಕ್ಟರ್ ಕೋಣೆಯಲ್ಲಿ ಕೆಲಸ ಮಾಡಿದವರು ಇಲ್ಲಿ ಯಾರಾದರೂ ಇದ್ದೀರಾ? ನ್ಯೂಸ್ ರೀಲು, ಜಾಹೀರಾತು ಎಲ್ಲ ಒಂದೇ ರೀಲಿಗೆ ಅಂಟಿಸಿದರೆ ಅದಕ್ಕೆ ಏನನ್ನುತ್ತಿದ್ದಿರಿ?