ಆಮೆ ಚಿಪ್ಪು ಬಿಟ್ಟು ಹೋಗುತ್ತಾ?

ಕುಶಾಲನಗರ ಮಾವ: *ಫಾರ್ವರ್ಡ್ ಆಗಿದೆ* ಆಮೆ ಕಪ್ಪೆಯ ಹಾಗೆ ಉಭಯಚರ. ಬೆಳೆದಂತೆ ಹಳೆ ಚಿಪ್ಪು ಬಿಟ್ಟು ಹೊಸದು ಹಾಕಿಕೊಳ್ಳುತ್ತದೆ. ಬಿಟ್ಟ ಚಿಪ್ಪು ಮನೆಯಲ್ಲಿದ್ದರೆ ದುಡ್ಡು ನಿಲ್ಲುತ್ತದೆ. ಹತ್ತು ಜನರಿಗೆ ಕಳಿಸಿ.

ಸೋಮವಾರಪೇಟೆ ಅತ್ತೆ: ಮೊನ್ನೆ ಮಳೆಗೆ ನಮ್ಮ ತೋಟದ ಕೆರೆಯಿಂದ ಒಂದು ಆಮೆ ಮೇಲೆ ಬಂದಿದೆ. ಮಕ್ಕಳು ಟಬ್‌ನಲ್ಲಿ ಇಟ್ಟಿದ್ದಾರೆ. ಚಿಪ್ಪು ಬಿಡುವ ತನಕ ಇರಲಿ ಅಲ್ವಾ?

ನಾನು: ಬೇಡ ಅತ್ತೆ. ಅದು ಚಿಪ್ಪು ಬಿಡುವುದೇ ಇಲ್ಲ. ಅದರ ಬೆನ್ನುಮೂಳೆ, ಪಕ್ಕೆಲುಬು ಚಿಪ್ಪಿಗೇ ಬೆಸೆದುಕೊಂಡಿವೆ. ನಮ್ಮ ಹೆಗಲ ಮೂಳೆ ಪಕ್ಕೆಲುಬಿನ ಹೊರಗಿದೆ, ಆಮೆಯದು ಒಳಗಿದೆ. ಎಲ್ಲಾದರೂ ಖಾಲಿ ಚಿಪ್ಪು ಸಿಕ್ಕಿದರೆ ಅದು ಸತ್ತ ಆಮೆಯದ್ದು.

ಮಾವ: ಚಿಪ್ಪಿನ ಚೂರು ಕಳಚಿ ಬೀಳುವುದನ್ನು ನಾನೇ ನೋಡಿದ್ದೇನೆ ಮಗಳೇ.

ನಾನು: ಅದು ನಿಜ ಮಾವ. ಮೂಳೆಯ ಮೇಲೆ ಬಿಲ್ಲೆಗಳಿರುತ್ತವೆ. ನಮ್ಮ ಉಗುರಿನಲ್ಲಿರುವ ಕೆರಾಟಿನ್ನೇ ಅದರಲ್ಲೂ ಇರುವುದು. ಎಷ್ಟೋ ನೀರಾಮೆಗಳಲ್ಲಿ ಅದರ ತೆಳು ಪದರ ಉದುರುತ್ತದೆ. ಕೆಳಗಿನ ಮೂಳೆ ಅಲ್ಲೇ ಇರುತ್ತದೆ.

ಮಡಿಕೇರಿ ಅಣ್ಣ: ಉಭಯಚರ ಅನ್ನೋದಂತೂ ಸರಿ. ನೀರಲ್ಲೂ ಇರುತ್ತದೆ, ನೆಲದಲ್ಲೂ ಇರುತ್ತದೆ.

ನಾನು: ಹಾಗಾದರೆ ಕಾವೇರಿಯ ನೀರುನಾಯಿಯೂ ಉಭಯಚರ ಆಗಬೇಕಲ್ಲ ಅಣ್ಣ! ಕಪ್ಪೆಗಳಲ್ಲಿ ಸಾಮಾನ್ಯವಾಗಿ ನೀರಲ್ಲಿ ಮೊಟ್ಟೆ, ಆಮೇಲೆ ಕಿವಿರಿರುವ ಗೊದಮೊಟ್ಟೆ. ಆಮೆಗೆ ಆ ಹಂತವೇ ಇಲ್ಲ. ಕಡಲಾಮೆ ಕೂಡ ಮೊಟ್ಟೆ ಇಡಲು ದಡಕ್ಕೇ ಬರಬೇಕು. ಮರಿ ಹುಟ್ಟಿದಾಗಿನಿಂದಲೇ ಶ್ವಾಸಕೋಶದಲ್ಲಿ ಉಸಿರಾಡುತ್ತದೆ. ಅದು ಸರೀಸೃಪ. ಟೆಸ್ಟುಡೈನ್ಸ್ ಅಂತ ಅದಕ್ಕೇ ಒಂದು ಗಣವಿದೆ, ಸುಮಾರು 360 ಜಾತಿ.

ಅಣ್ಣ: ಅಂದರೆ ಹಲ್ಲಿಯ ನೆಂಟ.

ನಾನು: ಹಲ್ಲಿಗಿಂತ ಮೊಸಳೆಗೆ, ಹಕ್ಕಿಗೆ ಹತ್ತಿರ. ಬೇರೆ ಸರೀಸೃಪಗಳ ತಲೆಬುರುಡೆಯಲ್ಲಿ ಕಣ್ಣಿನ ಹಿಂದೆ ಕಂಡಿಗಳಿರುತ್ತವೆ. ಆಮೆಗೆ ಇಲ್ಲ. ಅದಕ್ಕೇ ಇದು ತೀರಾ ಹಳೆಯ ಕವಲು ಅಂತ ಬಹಳ ಕಾಲ ನಂಬಿದ್ದರು. ಡಿಎನ್‌ಎ ಹೋಲಿಸಿದ ಮೇಲೆ ಆ ಮಾತು ನಿಲ್ಲಲಿಲ್ಲ.

ಮಾವ: ಆಮೆಗೂ ಕೋಳಿಗೂ ನೆಂಟಸ್ತಿಕೆಯಾ? ಎರಡಕ್ಕೂ ಹಲ್ಲಿಲ್ಲ ಅಂತ ಹೀಗೆ ಹೇಳುತ್ತಾರೇನೋ.

ನಾನು: ಅಲ್ಲ ಮಾವ, ಹಲ್ಲು ಹೋದದ್ದು ಎರಡರಲ್ಲೂ ಬೇರೆ ಬೇರೆಯಾಗಿ. ಚೀನಾದಲ್ಲಿ ಸಿಕ್ಕ ಒಡೊಂಟೊಕೆಲಿಸ್ ಅನ್ನುವ ಹಳೇ ಆಮೆಗೆ ಹಲ್ಲಿತ್ತು. ಸುಮಾರು 22 ಕೋಟಿ ವರ್ಷದ ಹಿಂದಿನದು, 2008ರಲ್ಲಿ ಹೆಸರಿಟ್ಟರು. ಅದರ ಹೊಟ್ಟೆಯ ಕಡೆ ಪೂರ್ತಿ ಚಿಪ್ಪು, ಬೆನ್ನಿನ ಕಡೆ ಬರೀ ಅಗಲವಾದ ಪಕ್ಕೆಲುಬು. ಚಿಪ್ಪು ಮೈಯಿಂದಲೇ ಬೆಳೆದದ್ದು ಅಂತ ಅದನ್ನು ನೋಡಿದರೆ ಗೊತ್ತಾಗುತ್ತದೆ.

ಅತ್ತೆ: ಈಗ ಇದನ್ನು ಹೊಳೆಗೆ ಬಿಡಲಾ?

ನಾನು: ಬೇಡ ಅತ್ತೆ, ಅದೇ ಕೆರೆಯ ದಡದಲ್ಲಿ ಬಿಡಿ. ಹೆಣ್ಣಾಗಿದ್ದರೆ ಮೊಟ್ಟೆ ಇಡಲು ಮೇಲೆ ಬಂದಿರಬಹುದು. ಎಲ್ಲ ಆಮೆಗೂ ಹೊಳೆ ಹಿಡಿಸುವುದಿಲ್ಲ. ನಮ್ಮ ಪಶ್ಚಿಮ ಘಟ್ಟದಲ್ಲೇ ಒಂದು ಆಮೆ ಕಾಡಿನ ತರಗೆಲೆಯಲ್ಲಿ ಬದುಕುತ್ತದೆ. 1912ರಲ್ಲಿ ಹೆಸರಿಟ್ಟ ಮೇಲೆ ಎಷ್ಟೋ ಕಾಲ ಅದರ ಸುಳಿವಿರಲಿಲ್ಲ. 1982ರಲ್ಲಿ ಸರೀಸೃಪ ತಜ್ಞೆ ಜೆ. ವಿಜಯಾ ಕೇರಳದ ಕಾಡಲ್ಲಿ ಮತ್ತೆ ಹುಡುಕಿದರು. ಈಗ ಆ ಕುಲಕ್ಕೆ ಅವರದೇ ಹೆಸರು, ವಿಜಯಕೆಲಿಸ್. ನನಗೆ ತುಂಬಾ ಹೆಮ್ಮೆ ಅದು.

ಅತ್ತೆ: ಸರಿ, ಮಕ್ಕಳು ಟಬ್ ಹಿಡಿದು ಹೊರಟರು.

ಮಾವ: ಹಕ್ಕಿಯ ವಿಷಯ ನಾನಿನ್ನೂ ಒಪ್ಪಿಲ್ಲ. ಆ ಮೆಸೇಜ್ ಮಾತ್ರ ಅಳಿಸುತ್ತೇನೆ.

ನಾನು: ಬೇರೆ ಗುಂಪಿಗೆ ಕಳಿಸಿದ್ದರೆ ಅಲ್ಲೂ ಅಳಿಸಿ ಮಾವ. ಇಂಥದ್ದು ನಂಬಿ ಚಿಪ್ಪಿಗಾಗಿ ಆಮೆ ಹಿಡಿಯುವವರಿದ್ದಾರೆ.