ಸಹಾಯ ಬೇಕು: ಸಾಕ್ಷ್ಯಚಿತ್ರದಲ್ಲಿ ನಮ್ಮಜ್ಜ, ಒಪ್ಪಿಗೆ ಪತ್ರಕ್ಕೆ ಸಹಿ ಹಾಕಬಹುದಾ?

ಎಲ್ಲರಿಗೂ ನಮಸ್ಕಾರ. ನಮ್ಮದು ಸಾಗರದ ಹತ್ತಿರ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿ ಹಿನ್ನೀರಿನಲ್ಲಿ ಮುಳುಗಿದ ಊರುಗಳಲ್ಲಿ ನಮ್ಮಜ್ಜನ ಊರೂ ಒಂದು. ಈಗ ಒಂದು ತಂಡ ಅದರ ಮೇಲೆ ಸಾಕ್ಷ್ಯಚಿತ್ರ ಮಾಡುತ್ತಿದೆ. ಅಜ್ಜ ಅದರಲ್ಲಿ ಅಜ್ಜನಾಗಿಯೇ ಇರುತ್ತಾರೆ, ಪಾತ್ರ ಅಂತ ಏನೂ ಇಲ್ಲ.

ಹೋದ ವಾರ ಶೂಟಿಂಗ್ ಆಯ್ತು. ಬೇಸಿಗೆ ಅಲ್ವಾ, ನೀರು ಇಳಿದಿತ್ತು. ಒಣಗಿ ಬಿರುಕು ಬಿಟ್ಟ ಕೆಸರಿನ ಮೇಲೆ ಅಜ್ಜ ಕೋಲಿನಿಂದ ಗೆರೆ ಎಳೆದು, 'ಇಲ್ಲಿ ಜಗಲಿ, ಇಲ್ಲಿ ಕೊಟ್ಟಿಗೆ' ಅಂತ ತೋರಿಸಿದರು. ಬೆಳಕು ಸರಿ ಬರಲಿಲ್ಲ ಅಂತ ಅದನ್ನೇ ಇನ್ನೆರಡು ಸಲ ಮಾಡಿಸಿದರು. ಮೂರನೇ ಸಲ ಅಜ್ಜನಿಗೆ ಮಾತೇ ಹೊರಡಲಿಲ್ಲ. ನೋಡಿ ತುಂಬಾ ಸಂಕಟ ಆಯ್ತು.

ಈಗ ಇಂಗ್ಲಿಷಿನ ಒಪ್ಪಿಗೆ ಪತ್ರಕ್ಕೆ ಸಹಿ ಕೇಳುತ್ತಿದ್ದಾರೆ. ಅಜ್ಜನ ಮುಖ, ದನಿ ಎರಡನ್ನೂ ಯಾವಾಗ, ಎಲ್ಲಿ ಬೇಕಾದರೂ ಬಳಸಬಹುದು ಅಂತ ಅದರಲ್ಲಿದೆ. ಕನ್ನಡದಲ್ಲೇ ಪತ್ರ ಕೊಡಿ ಅನ್ನಬಹುದಾ? 'ಈ ಚಿತ್ರಕ್ಕೆ ಮಾತ್ರ' ಅಂತ ಸೇರಿಸಲು ಒಪ್ಪುತ್ತಾರಾ? ಬಿಡುಗಡೆಗೆ ಮೊದಲು ಅಜ್ಜನಿಗೆ ತೋರಿಸಬೇಕು ಅಂತ ಬರೆಸಿಕೊಂಡವರು ಯಾರಾದರೂ ಇದ್ದೀರಾ? ಚಿತ್ರ ಆಗಲಿ ಅನ್ನುವುದು ನಮ್ಮ ಆಸೆಯೂ ಹೌದು. ಶುಕ್ರವಾರ ಮತ್ತೆ ಬರುತ್ತಾರೆ, ಅಷ್ಟರೊಳಗೆ ದಯವಿಟ್ಟು ತಿಳಿಸಿ.